ಆಡಿದ ಮಾತು ಎಲ್ಲಿ ಹೋಗುತ್ತದೆ?

‘ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು’ ಎಂಬುದು ನಮ್ಮಲ್ಲಿ ಎಲ್ಲರ ಬಾಯಲ್ಲೂ ಇರುವ ಗಾದೆ. ಅದರ ಉದ್ದೇಶ ನೀತಿ. ನಾಲಗೆಯ ಮೇಲೆ ಹಿಡಿತವಿರಲಿ ಎಂಬುದು ತಾತ್ಪರ್ಯ. ಆದರೆ ಒಂದು ಕ್ಷಣ ನಿಂತು ಯೋಚಿಸಿದರೆ ಅದರೊಳಗೆ ಬೇರೊಂದು ಪ್ರಶ್ನೆಯೂ ಅಡಗಿದೆ. ಒಡೆದ ಮುತ್ತಿನ ಚೂರುಗಳಾದರೂ ನೆಲದ ಮೇಲೆ ಬಿದ್ದಿರುತ್ತವೆ, ಗುಡಿಸಿ ತೆಗೆಯಬಹುದು. ಆಡಿದ ಮಾತಿನ ಚೂರುಗಳು ಎಲ್ಲಿ ಬೀಳುತ್ತವೆ? ಗೋಡೆಗೂ ಕಿವಿಯುಂಟು ಎನ್ನುವ ನಾವೇ, ಆ ಕಿವಿ ಕೇಳಿದ್ದನ್ನು ಎಲ್ಲಿ ಇಟ್ಟುಕೊಂಡಿದೆ ಎಂದು ಎಂದೂ ಕೇಳಿಲ್ಲ.

ಈ ಪ್ರಶ್ನೆಯನ್ನು ಗಂಭೀರವಾಗಿ ಕೇಳಿದ ಒಂದು ಸಣ್ಣ ಸಾಹಿತ್ಯ ಪರಂಪರೆಯೇ ಪಶ್ಚಿಮದಲ್ಲಿ ಉಂಟು. ಮಡಕೆ, ಗೋಡೆ, ಕಲ್ಲು, ತಲೆಬುರುಡೆ ಇವುಗಳಲ್ಲಿ ಹಿಂದೆ ಯಾವಾಗಲೋ ಎದ್ದ ಶಬ್ದದ ಗುರುತು ಹುದುಗಿರುತ್ತದೆ; ತಕ್ಕ ವಿದ್ಯೆಯಿದ್ದರೆ ಆ ಗುರುತನ್ನು ಓದಿ, ಹೋದವರ ನೆನಪನ್ನು ಹೊರಗೆ ತೆಗೆಯಬಹುದು: ಇದು ಆ ಪರಂಪರೆಯ ಮೂಲ ಕಲ್ಪನೆ. ಅಂಥ ಶಾಸ್ತ್ರವೊಂದು ಲೋಕದಲ್ಲಿ ಇಲ್ಲ. ಯಾವ ವಿಶ್ವವಿದ್ಯಾನಿಲಯವೂ ಅದನ್ನು ಕಲಿಸುವುದಿಲ್ಲ. ಆದರೂ ಎರಡು ಶತಮಾನಗಳಿಗೆ ಸಮೀಪವಾಗಿ ಒಬ್ಬರಾದ ಮೇಲೊಬ್ಬರು ಅದಕ್ಕೆ ಸೂತ್ರ ಬರೆದಿದ್ದಾರೆ, ಯಂತ್ರ ಕಲ್ಪಿಸಿದ್ದಾರೆ, ಅದನ್ನು ಬಲ್ಲ ಪಂಡಿತರನ್ನೂ ಜಾಡಮಾಲಿಗಳನ್ನೂ ಸೃಷ್ಟಿಸಿದ್ದಾರೆ. ಈಚೆಗೆ ನಾನು ಅವುಗಳಲ್ಲಿ ಮುಖ್ಯವೆನಿಸಿದ ಕೆಲವನ್ನು ಒಟ್ಟಿಗೆ ಇಟ್ಟುಕೊಂಡು ಮತ್ತೆ ಓದಿದೆ. ಓದಲು ತೊಡಗಿದ್ದು ವಿನೋದಕ್ಕೆ. ಮುಗಿಸುವ ಹೊತ್ತಿಗೆ ಮನಸ್ಸು ಅಷ್ಟು ಹಗುರವಾಗಿ ಉಳಿದಿರಲಿಲ್ಲ. ಅದೇಕೆಂದು ವಾಚಕರ ಮುಂದೆ ಹೇಳಿಕೊಳ್ಳುವುದೇ ಈ ಲೇಖನದ ಉದ್ದೇಶ.

*

ಮೊದಲು ನೆನೆಯಬೇಕಾದವನು ಕಥೆಗಾರನಲ್ಲ, ಗಣಿತಜ್ಞ. ಗಣಕಯಂತ್ರದ ಪಿತಾಮಹನೆಂದು ಹೆಸರಾದ ಇಂಗ್ಲೆಂಡಿನ ಚಾರ್ಲ್ಸ್ ಬ್ಯಾಬೇಜ್ ೧೮೩೭ರಲ್ಲಿ ‘ಒಂಬತ್ತನೆಯ ಬ್ರಿಜ್‌ವಾಟರ್ ಪ್ರಬಂಧ’ ಎಂಬ ಗ್ರಂಥವನ್ನು ಪ್ರಕಟಿಸಿದ. ಅದರ ಒಂದು ಅಧ್ಯಾಯ, ನಮ್ಮ ಮಾತು ಮತ್ತು ಕೃತಿಗಳು ಈ ಭೂಮಿಯ ಮೇಲೆ ಬಿಡುವ ಶಾಶ್ವತ ಮುದ್ರೆಯನ್ನು ಕುರಿತದ್ದು. ವಾದ ಸರಳ. ಬಾಯಿಂದ ಹೊರಟ ಮಾತು ಗಾಳಿಯ ಕಣಗಳನ್ನು ಅಲುಗಿಸುತ್ತದೆ. ಆ ಕಣಗಳು ಪಕ್ಕದ ಕಣಗಳನ್ನು ಅಲುಗಿಸುತ್ತವೆ. ಅಲುಗಾಟ ಹಂಚಿಹೋಗಿ ಕ್ಷೀಣಿಸುತ್ತದೆಯೇ ಹೊರತು ಪೂರ್ತಿಯಾಗಿ ಇಲ್ಲವಾಗುವುದಿಲ್ಲ. ಆದ್ದರಿಂದ ನಮ್ಮ ತಲೆಯ ಮೇಲಿನ ವಾಯುಮಂಡಲವೆಲ್ಲ ಒಂದು ಮಹಾ ಪುಸ್ತಕಭಂಡಾರ. ಇದುವರೆಗೆ ಯಾರು ಏನು ಆಡಿದರೋ ಅದೆಲ್ಲ ಅದರ ಪುಟಗಳಲ್ಲಿ ಇದೆ. ಮನುಷ್ಯನಿಗೆ ಓದಲು ಬಾರದು. ಸಾಕಷ್ಟು ಗಣಿತ ಬಲ್ಲ ಬುದ್ಧಿಯೊಂದಕ್ಕೆ ಓದಲು ಬರುತ್ತದೆ.

ಇಷ್ಟಕ್ಕೇ ನಿಂತಿದ್ದರೆ ಇದೊಂದು ಜಾಣ ಕಲ್ಪನೆ ಎಂದು ಪುಟ ತಿರುವಬಹುದಾಗಿತ್ತು. ಆದರೆ ಬ್ಯಾಬೇಜ್ ಅಲ್ಲಿ ನಿಲ್ಲುವುದಿಲ್ಲ. ಅದೇ ಅಧ್ಯಾಯದಲ್ಲಿ ಅವನು ಗುಲಾಮರನ್ನು ಸಾಗಿಸುವ ಹಡಗಿನ ಮಾತೆತ್ತುತ್ತಾನೆ. ಹಿಂದಟ್ಟಿ ಬರುವ ಕಾನೂನಿನಿಂದ ತಪ್ಪಿಸಿಕೊಳ್ಳಲು, ಹಡಗಿನ ಭಾರ ಇಳಿಸಲು, ಸಂಕೋಲೆ ತೊಟ್ಟ ಆಫ್ರಿಕದ ಮನುಷ್ಯರನ್ನು ಸಮುದ್ರಕ್ಕೆ ಎಸೆದ ಯಜಮಾನನ ಮಾತು ಅದು. ಕಂಡವರಿಲ್ಲ, ಸಾಕ್ಷಿಯಿಲ್ಲ. ಆದರೆ ಮುಳುಗಿದವನ ಕೂಗನ್ನು ಗಾಳಿ ಕೇಳಿದೆ, ನೀರು ಕೇಳಿದೆ. ಅಂತಿಮ ನ್ಯಾಯದ ದಿನ ಅವನಿಗೆ ಬೇರೆ ಸಾಕ್ಷಿ ಬೇಡ ಎಂಬುದು ಬ್ಯಾಬೇಜನ ತೀರ್ಮಾನ.

ಈ ಪರಂಪರೆಯ ಬೀಜ ಇಲ್ಲಿದೆ. ವಸ್ತುಗಳಿಗೆ ನೆನಪಿದೆ ಎಂದು ಮೊದಲು ವಾದಿಸಿದವನು ಕೌತುಕಕ್ಕಾಗಿ ವಾದಿಸಲಿಲ್ಲ. ಮನುಷ್ಯರು ಕೇಳಿಸಿಕೊಳ್ಳದೆ ಬಿಟ್ಟ ಕೂಗಿಗೆ ಎಲ್ಲಾದರೂ ಒಂದು ದಾಖಲೆ ಇರಬೇಕು ಎಂಬ ನ್ಯಾಯದ ಹಸಿವಿನಿಂದ ವಾದಿಸಿದ. ಅವನ ಭೌತವಿಜ್ಞಾನ ತಪ್ಪು. ಗೋಡೆಗೂ ಗಾಳಿಗೂ ತಾಗಿದ ಶಬ್ದ ಕೊನೆಗೆ ಅತ್ಯಲ್ಪವಾದ ಶಾಖವಾಗಿ ಮಾರ್ಪಟ್ಟು ಇತರ ಶಾಖದೊಡನೆ ಬೆರೆತುಹೋಗುತ್ತದೆ. ಸಾಗರಕ್ಕೆ ಬಿದ್ದ ಬಿಂದಿಗೆಯ ನೀರನ್ನು ಮತ್ತೆ ಬೇರೆಮಾಡಿ ತರಲಾಗದಂತೆ, ಆ ಶಾಖದಿಂದ ಮಾತನ್ನು ಮರಳಿ ಕಟ್ಟಲಾಗದು. ವಿಜ್ಞಾನ ತಪ್ಪಾದರೂ ಹಸಿವು ತಪ್ಪಲ್ಲ. ಮುಂದಿನ ಕೃತಿಗಳನ್ನು ತೂಗಲು ನಾನು ಇಟ್ಟುಕೊಂಡ ತಕ್ಕಡಿ ಇದೇ.

*

ಎರಡನೆಯವನು ಕವಿ. ಜರ್ಮನ್ ಭಾಷೆಯ ಮಹಾಕವಿ ರಿಲ್ಕೆ ೧೯೧೯ರಲ್ಲಿ ‘ಆದಿಮ ಶಬ್ದ’ ಎಂದು ಕರೆಯಬಹುದಾದ ಚಿಕ್ಕ ಗದ್ಯವೊಂದನ್ನು ಬರೆದ. ಶಾಲೆಯಲ್ಲಿದ್ದಾಗ ಮೇಷ್ಟರ ನೆರವಿನಿಂದ ಹುಡುಗರೆಲ್ಲ ಸೇರಿ ಒಂದು ಫೋನೋಗ್ರಾಫನ್ನು ಕಟ್ಟಿದ ನೆನಪು ಅದರಲ್ಲಿದೆ: ರಟ್ಟಿನ ಆಲಿಕೆ, ಮೇಣ ಸವರಿದ ಉರುಳೆ, ಬಟ್ಟೆ ಉಜ್ಜುವ ಬ್ರಷ್ಷಿನಿಂದ ಕಿತ್ತ ಒಂದು ಕೂದಲು. ಆಲಿಕೆಯಲ್ಲಿ ಮಾತಾಡಿ, ಉರುಳೆಯನ್ನು ಮತ್ತೆ ತಿರುಗಿಸಿದರೆ ಅವರದೇ ದನಿ ನಡುಗುತ್ತಾ ಮರಳಿ ಬಂತು. ಎಷ್ಟೋ ವರ್ಷಗಳ ಮೇಲೆ ಪ್ಯಾರಿಸಿನಲ್ಲಿ ಅಂಗರಚನಾಶಾಸ್ತ್ರದ ಪಾಠ ಕೇಳುತ್ತಿದ್ದ ರಿಲ್ಕೆ, ಮೇಣದಬತ್ತಿಯ ಬೆಳಕಿನಲ್ಲಿ ಒಂದು ತಲೆಬುರುಡೆಯನ್ನು ನೋಡುತ್ತಾ, ನೆತ್ತಿಯ ಮೂಳೆಗಳು ಕೂಡುವ ಅಂಕುಡೊಂಕಿನ ಗೆರೆಯಲ್ಲಿ ಆ ಹಳೆಯ ಮೇಣದ ಗೆರೆಯನ್ನು ಕಂಡ. ಅದರ ಮೇಲೆ ಸೂಜಿ ಹಾಯಿಸಿದರೆ? ಯಾರೂ ಕೆತ್ತದ, ಯಾರೂ ಆಡದ ಆ ಗೆರೆಯಿಂದ ಯಾವ ಶಬ್ದ ಹೊರಟೀತು?

ಇದು ಬ್ಯಾಬೇಜನಿಗೆ ನೇರ ವಿರುದ್ಧವಾದ ಪ್ರಶ್ನೆಯೆಂಬುದನ್ನು ಗಮನಿಸಬೇಕು. ಬ್ಯಾಬೇಜನಿಗೆ ಬೇಕಾದದ್ದು ಆಡಿದ ಮಾತು. ರಿಲ್ಕೆಗೆ ಬೇಕಾದದ್ದು ಎಂದೂ ಆಡದ ಮಾತು. ಒಬ್ಬನದು ಸಾಕ್ಷಿ, ಇನ್ನೊಬ್ಬನದು ಸೃಷ್ಟಿ. ಇದಕ್ಕಿಂತ ಸ್ವಾರಸ್ಯವಾದದ್ದು ರಿಲ್ಕೆ ನಡುವೆ ಹೇಳಿಬಿಡುವ ಒಂದು ಸಂಗತಿ. ಕಾಲ ಕಳೆದಂತೆ ಅವನ ಮನಸ್ಸಿನಲ್ಲಿ ಉಳಿದದ್ದು ಆಲಿಕೆಯಿಂದ ಬಂದ ದನಿಯಲ್ಲವಂತೆ, ಮೇಣದ ಮೇಲೆ ಮೂಡಿದ ಗೆರೆಯಂತೆ. ಯಂತ್ರ ದನಿಯನ್ನು ಇಟ್ಟುಕೊಂಡಿತು. ಕವಿಯ ನೆನಪು ಗೆರೆಯನ್ನು ಇಟ್ಟುಕೊಂಡಿತು. ಇಟ್ಟುಕೊಳ್ಳುವುದು ಬೇರೆ, ನೆನೆಯುವುದು ಬೇರೆ ಎಂಬ ಭೇದವನ್ನು ಇಷ್ಟು ಅನಾಯಾಸವಾಗಿ ತೋರಿಸಿದ ಇನ್ನೊಂದು ಬರಹವನ್ನು ನಾನು ಕಂಡಿಲ್ಲ.

ಗೆರೆಯನ್ನು ಓದುವುದೆಂದರೆ ಏನು ಎಂಬುದಕ್ಕೆ ನಿಜಜೀವನದ ಒಂದು ನಿದರ್ಶನವನ್ನು ಇಲ್ಲಿ ಹೇಳದೆ ಇರಲಾರೆ. ಎಡಿಸನ್ನನ ಯಂತ್ರಕ್ಕಿಂತ ೨೦ ವರ್ಷ ಮೊದಲೇ, ೧೮೫೭ರಲ್ಲಿ, ಫ್ರಾನ್ಸಿನ ಸ್ಕಾಟ್ ದ ಮಾರ್ಟಿನ್ವಿಲ್ ಎಂಬ ಮುದ್ರಣದ ಕಸಬುದಾರ, ಮಸಿ ಹಿಡಿಸಿದ ಕಾಗದದ ಮೇಲೆ ದನಿಯ ಅಲೆಯನ್ನು ಗೀಚುವ ಯಂತ್ರಕ್ಕೆ ಹಕ್ಕು ಪಡೆದಿದ್ದ. ಮರಳಿ ನುಡಿಸುವ ಯೋಚನೆ ಅವನಿಗಿರಲಿಲ್ಲ. ಕಣ್ಣಿನಿಂದ ಓದಬೇಕೆಂಬುದೇ ಅವನ ಆಸೆ. ೧೮೬೦ರ ಏಪ್ರಿಲ್‌ನಲ್ಲಿ ಗೀಚಿದ, ಫ್ರೆಂಚ್ ಮಕ್ಕಳ ಹಾಡಿನ ಒಂದು ತುಣುಕನ್ನು ೨೦೦೮ರಲ್ಲಿ ಅಮೆರಿಕದ ಸಂಶೋಧಕರು ಗಣಕಯಂತ್ರದ ಸಹಾಯದಿಂದ ನುಡಿಸಿದರು. ಪತ್ರಿಕೆಗಳೆಲ್ಲ ಒಬ್ಬ ಹುಡುಗಿಯ ದನಿ ಕೇಳಿತೆಂದು ಬರೆದವು. ಮರುವರ್ಷ ವೇಗದ ಲೆಕ್ಕ ತಪ್ಪಿತ್ತೆಂದು ತಿಳಿಯಿತು. ಅರ್ಧ ವೇಗದಲ್ಲಿ ನುಡಿಸಿದಾಗ ಅದು ಗಂಡಸಿನ ದನಿ; ಬಹುಶಃ ಸ್ಕಾಟನದೇ. ಗೆರೆ ಒಂದೇ. ಓದುವವನ ಲೆಕ್ಕ ಬದಲಾದರೆ ಬಾಲೆ ಹೋಗಿ ಪ್ರೌಢ ಪುರುಷ ಬರುತ್ತಾನೆ! ಅಚ್ಚಳಿಯದ ಸಾಕ್ಷಿಗೂ ವ್ಯಾಖ್ಯಾನಕಾರನ ಹಂಗು ತಪ್ಪುವುದಿಲ್ಲ ಎಂಬುದು ಇದರಿಂದ ನಾವು ಕಲಿಯಬೇಕಾದ ಪಾಠ.

*

ಫೋನೋಗ್ರಾಫ್ ಬಂದ ಮೇಲೆ ಈ ಕಲ್ಪನೆಗೆ ಹೊಸ ಜೀವ ಬಂದದ್ದು ಸಹಜ. ತಿರುಗುವ ಉರುಳೆ, ಮೆತ್ತನೆಯ ಮೈ, ಮುಟ್ಟಿ ನಡುಗುವ ಮೊನೆ: ಈ ಮೂರೂ ಕುಂಬಾರನ ತಿಗರಿಯ ಮೇಲೆ ಇವೆಯಲ್ಲವೆ? ಹಸಿ ಮಡಕೆಯ ಮೇಲೆ ಕಡ್ಡಿಯಿಂದ ಸುತ್ತುಗೆರೆ ಎಳೆಯುವಾಗ ಕುಂಬಾರ ಹಾಡುತ್ತಿದ್ದರೆ ಹಾಡು ಮಡಕೆಯಲ್ಲಿ ಇಳಿದಿರಬಾರದೇಕೆ? ೧೯೬೯ರಲ್ಲಿ ಅಮೆರಿಕದ ರಿಚರ್ಡ್ ವುಡ್‌ಬ್ರಿಜ್ ಎಂಬಾತ ಎಂಜಿನಿಯರುಗಳ ಒಂದು ಪ್ರತಿಷ್ಠಿತ ಪತ್ರಿಕೆಗೆ ಪತ್ರ ಬರೆದು, ಮಡಕೆಯ ಮೈಯಿಂದ ತಿಗರಿಯ ಗುಂಯ್ ಎಂಬ ಸದ್ದನ್ನೂ ಒಣಗಿದ ವರ್ಣಚಿತ್ರದ ನೀಲಿ ಭಾಗದಿಂದ ‘ನೀಲಿ’ ಎಂಬರ್ಥದ ಇಂಗ್ಲಿಷ್ ಮಾತನ್ನೂ ಕೇಳಿದೆನೆಂದು ವರದಿ ಮಾಡಿದ. ನೀಲಿ ಬಣ್ಣದಲ್ಲಿ ನೀಲಿ ಎಂಬ ಮಾತೇ ಕೇಳಿಸಿತು ಎಂಬುದನ್ನು ಓದಿದಾಗ ನನಗೆ ನಗು ತಡೆಯಲಾಗಲಿಲ್ಲ. ನಮ್ಮ ವಿಮರ್ಶಕರಲ್ಲೂ ಹಲವರು ಕಾವ್ಯದಲ್ಲಿ ಕೇಳುವುದು ಹೀಗೆಯೇ. ಏನು ಸಿಗಬೇಕೆಂದು ಹೋಗಿರುತ್ತಾರೋ ಅದು ಸಿಗುತ್ತದೆ.

ವಿಜಯನಗರದ ಅರಸರ ಕಾಲದ ವಿಠ್ಠಲ ದೇವಾಲಯದ ಸಂಗೀತ ಕಂಬಗಳು ಹಂಪೆಗೆ ಹೋದವರಿಗೆಲ್ಲ ಗೊತ್ತು. ಈಗ ಅವುಗಳನ್ನು ಬಡಿಯಲು ಬಿಡುವುದಿಲ್ಲ. ಹಿಂದೆ ಬಡಿದವರ ಬೆರಳಿಗೆ ಕಲ್ಲು ಇಂಪಾಗಿ ಓಗೊಡುತ್ತಿತ್ತು. ಆದರೆ ಅದು ಕಲ್ಲಿನ ಸ್ವಂತ ದನಿ. ಶತಮಾನಗಳ ಕಾಲ ಅದರ ಮುಂದೆ ನಡೆದ ಪೂಜೆ, ಪ್ರಾರ್ಥನೆ, ಜಗಳ, ಕೊನೆಗೆ ಸುತ್ತಿಗೆಯ ಪೆಟ್ಟು, ಯಾವುದೂ ಅದರಲ್ಲಿಲ್ಲ. ಕಲ್ಲು ಉತ್ತರ ಕೊಡುತ್ತದೆ, ನೆನಪಿಡುವುದಿಲ್ಲ.

ಮಡಕೆಯ ಕಲ್ಪನೆಯನ್ನು ಕಥೆಯಾಗಿಸಿದವರಲ್ಲಿ ಗ್ರೆಗರಿ ಬೆನ್‌ಫರ್ಡನ ಹೆಸರು ಮುಖ್ಯ. ಸ್ವತಃ ಭೌತವಿಜ್ಞಾನಿಯಾದ ಈತನ ‘ಟೈಂ ಶಾರ್ಡ್ಸ್’ (೧೯೭೯) ಕಥೆಯಲ್ಲಿ ಸಂಶೋಧಕನೊಬ್ಬ ಮಧ್ಯಯುಗದ ಮಡಕೆಯಿಂದ ದನಿಯನ್ನು ತೆಗೆಯುತ್ತಾನೆ. ಕೇಳಿಬರುವುದು ಮಹಾವಾಕ್ಯವಲ್ಲ, ಕೆಲಸಗಾರರ ಸಾಧಾರಣ ಹರಟೆ. ಕಥೆ ಇದನ್ನು ನಿರಾಶೆಯೆಂದು ಭಾವಿಸುತ್ತದೆ. ವ್ಯಂಗ್ಯ ಚುರುಕಾಗಿದೆ, ಕಟ್ಟು ಬಿಗಿಯಾಗಿದೆ. ಆದರೆ ಈ ಭಾವನೆಯನ್ನೇ ನಾನು ಒಪ್ಪಲಾರೆ. ಸಾಧಾರಣ ಮಾತು ಸಾಧಾರಣವಾಗಿ ಕೇಳುವುದು ಅದಕ್ಕೆ ಸಂಬಂಧವಿಲ್ಲದವನ ಕಿವಿಗೆ. ಇದನ್ನು ಮುಂದೆ ವಿವರಿಸುತ್ತೇನೆ.

*

ಈ ಗುಂಪಿನಲ್ಲಿ ಕಲೆಯಾಗಿ ನಿಲ್ಲುವ ಕೃತಿಗಳು ನನ್ನ ಮಟ್ಟಿಗೆ ಎರಡು. ಒಂದು, ಜೆ. ಜಿ. ಬಲಾರ್ಡನ ‘ದ ಸೌಂಡ್-ಸ್ವೀಪ್’ (೧೯೬೦). ‘ಶಬ್ದದ ಜಾಡಮಾಲಿ’ ಎಂದು ಕನ್ನಡಿಸಬಹುದು. ಅದರ ಲೋಕದಲ್ಲಿ ಪ್ರತಿ ಶಬ್ದವೂ ಗೋಡೆ, ಮೇಜು, ಪರದೆಗಳಲ್ಲಿ ತನ್ನ ಕಸವನ್ನು ಬಿಟ್ಟುಹೋಗುತ್ತದೆ; ಜನರಿಗೆ ಅದು ಹಿಂಸೆ. ಸಂಗೀತವೂ ಕಿವಿಗೆ ಕೇಳಿಸದ ಅತಿಸೂಕ್ಷ್ಮ ಕಂಪನವಾಗಿ ಮಾರ್ಪಟ್ಟಿದೆ. ಹಳೆಯ ಸದ್ದನ್ನು ಯಂತ್ರದಿಂದ ಹೀರಿ ಊರ ಹೊರಗಿನ ತಿಪ್ಪೆಗೆ ಸುರಿದುಬರುವುದು ಮಾಂಗನ್ ಎಂಬುವನ ಕಸಬು. ಮಾಂಗನ್ ಮೂಕ, ಚಿಕ್ಕಂದಿನಲ್ಲಿ ತಾಯಿಯಿಂದಲೇ ಕೊರಳಿಗೆ ಪೆಟ್ಟು ತಿಂದು ಮಾತು ಕಳೆದುಕೊಂಡವನು. ಬೇರಾರೂ ಗುರುತಿಸಲಾಗದ ಸದ್ದಿನ ಪುಡಿಯನ್ನು ಅವನ ಕಿವಿ ಗುರುತಿಸುತ್ತದೆ. ಪಾಳುಬಿದ್ದ ರೇಡಿಯೋ ನಿಲಯವೊಂದರಲ್ಲಿ ವಾಸಿಸುವ, ಕಾಲ ಮುಗಿದುಹೋದ ಹಳೆಯ ಗಾಯಕಿ ಮೇಡಂ ಜೋಕೊಂಡ ಅವನ ಆರಾಧ್ಯದೇವತೆ.

ಕಥೆಯ ಶಕ್ತಿ ಇರುವುದು ಈ ಸಂಬಂಧದ ಕಲ್ಪನೆಯಲ್ಲಿ. ಇತರರ ಕಸ ಹೊರುವವನಿಗೆ ಅವರ ಗುಟ್ಟೆಲ್ಲ ಗೊತ್ತು. ಆದರೆ ಅವನ ಮಾತನ್ನು ಕೇಳುವವರಿಲ್ಲ. ಬಲಾರ್ಡ್ ಅವನನ್ನು ಮೂಕನಾಗಿಸಿದ್ದು ಕಥೆಯ ತಂತ್ರಕ್ಕಷ್ಟೇ ಅಲ್ಲ. ನಮ್ಮ ಬೀದಿಗಳನ್ನು ಬೆಳಗಿನ ಜಾವ ಗುಡಿಸುವವರನ್ನು ನಾವು ಎಷ್ಟು ಮಟ್ಟಿಗೆ ಮಾತಾಡಿಸುತ್ತೇವೆ ಎಂದು ಯೋಚಿಸಿದರೆ ಮಾಂಗನ್ ಪರದೇಶದವನಾಗಿ ಕಾಣುವುದಿಲ್ಲ. ಗಾಯಕಿಯ ಪುನಃಪ್ರವೇಶಕ್ಕಾಗಿ ಅವನು ತಿಪ್ಪೆಯಲ್ಲಿ ಕೆದಕಿ, ಅವಳ ಎದುರಾಳಿಯ ಗುಟ್ಟಿನ ಮಾತನ್ನು ಹೆಕ್ಕಿ ಕೊಡುತ್ತಾನೆ. ಪ್ರೀತಿಯಿಂದಲೋ ಏನೋ ಅವನಿಗೆ ಮಾತೂ ಮರಳುತ್ತದೆ. ಕೆಲಸ ಆದ ಮೇಲೆ ಅವಳು ಅವನನ್ನು ಕಡೆಗಣಿಸುತ್ತಾಳೆ. ಮಾತು ಮತ್ತೆ ಹೋಗುತ್ತದೆ. ಹಾಡುವ ರಾತ್ರಿ ಅವಳ ಒಡೆದ ಕಂಠ ಸಭೆಗೆ ಕೇಳಿಸದಂತೆ ಹೀರಿಕೊಳ್ಳಬೇಕಾದ ಯಂತ್ರದ ಬಳಿ ಅಡಗಿ ಕುಳಿತವನು ಅವನೇ. ಅವನು ಆ ಯಂತ್ರವನ್ನು ಕೆಲಸ ಮಾಡಗೊಡುವುದಿಲ್ಲ. ಸಭೆ ಅವಳನ್ನು ಇದ್ದಂತೆಯೇ ಕೇಳುತ್ತದೆ.

ದೋಷ ಇಲ್ಲವೆಂದಲ್ಲ. ಗಾಯಕಿಯ ಪಾತ್ರ ಅತಿರೇಕಕ್ಕೆ ಹೋಗಿ ವಿಡಂಬನಚಿತ್ರವಾಗಿದೆ. ವಯಸ್ಸಾದ ಹೆಂಗಸಿನ ಮೇಲೆ ಲೇಖಕನಿಗೆ ಇರಬೇಕಾದ ಕನಿಕರ ಸಾಲದು. ಅವಳ ಸೋಲಿನಲ್ಲಿ ಅವನಿಗೆ ಸ್ವಲ್ಪ ಸುಖವೂ ಇದೆ ಎಂದು ಸಂಶಯ ಬರುತ್ತದೆ. ಆದರೂ ಒಂದು ಮಾತನ್ನು ಈ ಕಥೆ ಇತರರಿಗಿಂತ ಚೆನ್ನಾಗಿ ತಿಳಿದಿದೆ. ಸದ್ದನ್ನು ಓದಬಲ್ಲವನ ಕೈಯಲ್ಲಿ ಅಧಿಕಾರವಿದೆ. ಯಾವುದನ್ನು ಉಳಿಸಬೇಕು, ಯಾವುದನ್ನು ಅಳಿಸಬೇಕು ಎಂಬ ತೀರ್ಮಾನ ಅವನದು.

ಎರಡನೆಯದು ಪುಸ್ತಕವಲ್ಲ, ನೈಜೆಲ್ ನೀಲ್ ಬರೆದ ಟೆಲಿವಿಷನ್ ನಾಟಕ ‘ದ ಸ್ಟೋನ್ ಟೇಪ್’. ೧೯೭೨ರ ಕ್ರಿಸ್‌ಮಸ್ ದಿನ ಬಿಬಿಸಿ ಅದನ್ನು ಪ್ರಸಾರ ಮಾಡಿತು. ಜಪಾನಿನವರನ್ನು ಮೀರಿಸಿ ಧ್ವನಿಮುದ್ರಣಕ್ಕೆ ಹೊಸ ಮಾಧ್ಯಮ ಹುಡುಕಬೇಕೆಂದು ಕಂಪೆನಿಯೊಂದರ ತಂಡ ಹಳೆಯ ಬಂಗಲೆಗೆ ಬರುತ್ತದೆ. ಅಲ್ಲಿನ ಕಲ್ಲುಗೋಡೆಯ ಕೋಣೆಯಲ್ಲಿ ಹಿಂದೆ ಸತ್ತ ಕೆಲಸದ ಹುಡುಗಿಯ ಕಿರುಚು ಕೇಳಿಸುತ್ತದೆ. ಭೂತವಲ್ಲ, ಕಲ್ಲೇ ಅದನ್ನು ಮುದ್ರಿಸಿಕೊಂಡಿದೆ ಎಂದು ಮುಖ್ಯಸ್ಥನಿಗೆ ಹೊಳೆಯುತ್ತದೆ. ಹೊಳೆದದ್ದೇ ತಡ, ಆ ಕಿರುಚು ಅವನಿಗೆ ಒಬ್ಬ ಹುಡುಗಿಯ ಸಾವಾಗಿ ಉಳಿಯುವುದಿಲ್ಲ, ಸರಕಾಗುತ್ತದೆ. ಯಂತ್ರಗಳನ್ನು ಹೂಡಿ ಮತ್ತೆ ಮತ್ತೆ ಕೆದಕಿದಾಗ ಅದು ಅಳಿಸಿಹೋಗುತ್ತದೆ. ಜಿಲ್ ಎಂಬ ಸಹೋದ್ಯೋಗಿಗೆ ಮಾತ್ರ ಅದರ ಅಡಿಯಲ್ಲಿ ಇನ್ನೂ ಹಳೆಯದೊಂದು ಇದೆಯೆಂದು ತಿಳಿಯುತ್ತದೆ. ಅವಳ ಮಾತನ್ನು ಯಾರೂ ಕೇಳುವುದಿಲ್ಲ. ಅವಳು ಅಲ್ಲಿಯೇ ಸಾಯುತ್ತಾಳೆ. ಅವಳ ಟಿಪ್ಪಣಿಗಳನ್ನೆಲ್ಲ ಮುಖ್ಯಸ್ಥ ನಾಶಮಾಡುತ್ತಾನೆ. ಕೊನೆಗೆ ಆ ಕೋಣೆಗೆ ಹೋದಾಗ ಕಲ್ಲು ನುಡಿಯುತ್ತದೆ. ಈ ಸಲ ದನಿ ಜಿಲ್‌ಳದು; ಅವಳು ಕೂಗುತ್ತಿರುವುದು ಅವನನ್ನು.

ಬ್ಯಾಬೇಜನ ನ್ಯಾಯ ಇಲ್ಲಿ ಪೂರ್ಣವಾಗಿ ನಾಟಕವಾಗಿದೆ. ಕಲ್ಲು ಪುರಾತನವನ್ನು ಹೇಳಲಿ ಎಂದು ಹೋದವನಿಗೆ ಅದು ಅವನದೇ ಅಪರಾಧವನ್ನು ಹೇಳಿತು. ಬಲಾರ್ಡನ ಕಥೆಗಿಂತ ಇದನ್ನು ನಾನು ಒಂದು ಮೆಟ್ಟಲು ಮೇಲೆ ಇಡುವುದು ಈ ಕಾರಣಕ್ಕೆ.

*

ಹೀಗೆ ಹೇಳುವಾಗ ನಮ್ಮ ಮನೆಯಲ್ಲೇ ಇರುವ ಒಂದು ನಾಟಕವನ್ನು ಮರೆತರೆ ತಪ್ಪಾಗುತ್ತದೆ. ‘ಧ್ವನಿ’ ಎಂಬ ಮಾತಿಗೆ ನಮ್ಮಲ್ಲಿ ಎರಡು ಅರ್ಥ. ಕಿವಿಗೆ ಕೇಳುವ ಸದ್ದೂ ಹೌದು, ಮಾತು ಮುಗಿದ ಮೇಲೆ ಮನಸ್ಸಿಗೆ ಕೇಳುವ ಅರ್ಥವೂ ಹೌದು. ೯ನೆಯ ಶತಮಾನದಲ್ಲಿ ಕಾಶ್ಮೀರದ ಆನಂದವರ್ಧನ ಈ ಎರಡನೆಯದನ್ನು ಕಾವ್ಯದ ಆತ್ಮವೆಂದ. ಅದರ ಒಂದು ಬಗೆಯನ್ನು ಗಂಟೆ ಬಾರಿಸಿದ ಮೇಲೆ ಉಳಿಯುವ ಅನುರಣನಕ್ಕೆ ಹೋಲಿಸಿದ. ಅದೇ ಶತಮಾನದ ನಮ್ಮ ‘ಕವಿರಾಜಮಾರ್ಗ’ವೂ ಧ್ವನಿಯನ್ನು ಅಲಂಕಾರವೆಂದು ಹೆಸರಿಸಿದೆ. ಪಶ್ಚಿಮದವರು ಅನುರಣನವನ್ನು ಗಂಟೆಯಲ್ಲಿ ಹುಡುಕಿದರು, ನಮ್ಮವರು ಸಹೃದಯನಲ್ಲಿ ಹುಡುಕಿದರು ಎಂದು ಹೇಳಿ ಬೀಗಬೇಕೆಂದು ಇದನ್ನು ಎತ್ತಲಿಲ್ಲ. ಕಾಳಿದಾಸನ ‘ಶಾಕುಂತಲ’ ಈ ಸಮಸ್ಯೆಯನ್ನು ಎರಡೂ ಕಡೆಯಿಂದ ಹಿಡಿದಿರುವುದರಿಂದ ಎತ್ತಿದೆ.

ಐದನೆಯ ಅಂಕದ ಮೊದಲಲ್ಲಿ ತೆರೆಯ ಹಿಂದಿನಿಂದ ಹಂಸಪದಿಕೆಯ ಹಾಡು ಕೇಳಿಬರುತ್ತದೆ. ಅವಳು ರಾಜ ಒಮ್ಮೆ ಪ್ರೀತಿಸಿ ಮರೆತವಳು. ಹಾಡಿನಲ್ಲಿ ಅದರ ಆಕ್ಷೇಪವಿದೆ. ಆ ಆಕ್ಷೇಪ ರಾಜನಿಗೆ ಅರ್ಥವಾಗುತ್ತದೆ. ಸಮಾಧಾನ ಹೇಳಲು ವಿದೂಷಕನನ್ನು ಅಟ್ಟುತ್ತಾನೆ. ಆದರೆ ಅರ್ಥವಾಗದ ಇನ್ನೊಂದು ತಳಮಳವೂ ಅವನನ್ನು ಹಿಡಿಯುತ್ತದೆ. ಹತ್ತಿರದವರು ಯಾರೂ ಅಗಲಿಲ್ಲ, ಆದರೂ ಏಕೆ ಈ ವ್ಯಥೆ? ಇದನ್ನು ವಿವರಿಸುತ್ತಾ ಅಭಿನವಗುಪ್ತ, ಇದು ತಾರ್ಕಿಕರು ಹೇಳುವ ಸ್ಮೃತಿಯಲ್ಲ ಎಂದ. ಸದ್ದು ನೆನಪನ್ನು ಮುಟ್ಟಿದೆ, ನೆನಪಿಗೆ ಹೆಸರಿಲ್ಲ. ಇದಾದ ಸ್ವಲ್ಪ ಹೊತ್ತಿಗೆ ಶಕುಂತಲೆಯೇ ಆಸ್ಥಾನಕ್ಕೆ ಬಂದು ನಿಲ್ಲುತ್ತಾಳೆ, ಮಾತಾಡುತ್ತಾಳೆ, ಇಬ್ಬರೇ ಇದ್ದಾಗ ನಡೆದುದನ್ನು ನೆನಪಿಸುತ್ತಾಳೆ. ರಾಜ ನಂಬುವುದಿಲ್ಲ. ಅವನು ನಂಬುವುದು ಮೀನಿನ ಹೊಟ್ಟೆಯಲ್ಲಿ ಸಿಕ್ಕಿದ ಉಂಗುರವನ್ನು.

ಶಾಪದ ಸಮಾಧಾನ ನನಗೆ ಗೊತ್ತಿಲ್ಲದ್ದಲ್ಲ. ಶಾಪವನ್ನು ಬದಿಗಿಟ್ಟು ನೋಡಿದರೆ ಉಳಿಯುವುದು ಇಷ್ಟು: ಎದುರಿಗೆ ನಿಂತು ಮಾತಾಡುವ ಹೆಂಗಸಿನ ದನಿಗೆ ಸಿಗದ ಮನ್ನಣೆ ಮಾತಿಲ್ಲದ ಲೋಹಕ್ಕೆ ಸಿಕ್ಕಿತು. ವಸ್ತು ಸಾಕ್ಷಿ ನುಡಿಯಲಿ ಎಂದು ನಾವೇಕೆ ಇಷ್ಟು ಹಂಬಲಿಸುತ್ತೇವೆ ಎಂಬುದಕ್ಕೆ ಕಾಳಿದಾಸ ಕೊಟ್ಟ ಉತ್ತರ ಬಹಳ ಕಹಿಯಾದದ್ದು. ಮನುಷ್ಯರು ಹೇಳಿದಾಗ ನಾವು ಕೇಳಿರುವುದಿಲ್ಲ.

*

ಇಲ್ಲಿ ನನ್ನದೇ ಒಂದು ಸಂಗತಿಯನ್ನು ಹೇಳಬೇಕು. ವಿಮರ್ಶೆಯಲ್ಲಿ ಸ್ವಂತ ವಿಷಯ ತರಬಾರದೆಂಬ ಪಕ್ಷದವನು ನಾನು. ಆದರೆ ಈ ಲೇಖನದ ವಾದ ಅದಿಲ್ಲದೆ ಅರ್ಧವಾಗುತ್ತದೆ.

೧೯೮೪ರಲ್ಲಿ, ಸಂಬಳದಲ್ಲಿ ಉಳಿಸಿ ಕೊಂಡ ಟೇಪ್ ರೆಕಾರ್ಡರಿನಲ್ಲಿ ನಮ್ಮ ತಂದೆಯವರ ಮಾತನ್ನು ತುಂಬಿಸಿಕೊಂಡೆ. ಅವರು ಹಳ್ಳಿಯಿಂದ ನಡೆದುಹೋಗಿ ಪರೀಕ್ಷೆಗೆ ಕುಳಿತ ಕಥೆ. ಮನೆಯಲ್ಲಿ ಎಲ್ಲರಿಗೂ ಬಾಯಿಪಾಠವಾದದ್ದು. ತಂದೆಯವರು ಹೋದರು, ನಾಲ್ಕು ವರ್ಷಕ್ಕೆ ತಾಯಿಯೂ ಹೋದರು. ಕ್ಯಾಸೆಟ್ ಟ್ರಂಕಿನ ತಳ ಸೇರಿತ್ತು. ಕಳೆದ ವರ್ಷ ಮೊಮ್ಮಗ ಅದನ್ನು ಹುಡುಕಿ ತೆಗೆದು, ಯಾವುದೋ ಅಂಗಡಿಯಲ್ಲಿ ಸರಿಪಡಿಸಿ, ತನ್ನ ಫೋನಿಗೆ ಇಳಿಸಿಕೊಂಡು ಬಂದ. ಕುಳಿತು ಕೇಳಿದೆವು. ಹುಡುಗನಿಗೆ ಅದು ಯಾರೋ ಮುದುಕರ ದನಿ. ಎರಡು ನಿಮಿಷಕ್ಕೆ ಅವನ ಗಮನ ಹೋಯಿತು. ನನಗೆ ಕಥೆಗಿಂತ ಕಥೆಯ ನಡುವಿನ ಕೆಮ್ಮು, ‘ಸುತ್ತುತ್ತಾ ಇದೆಯೇನೋ ಅದು?’ ಎಂದು ಅವರು ಎರಡು ಸಲ ಕೇಳಿದ ಪ್ರಶ್ನೆ, ಇವೇ ಹೆಚ್ಚಾದವು. ಬೆನ್‌ಫರ್ಡನ ಸಂಶೋಧಕನಿಗೆ ನಿರಾಶೆ ತಂದ ಸಾಧಾರಣ ಮಾತು ಕೇಳುವವನ ಸಂಬಂಧದಿಂದ ಹೇಗೆ ಬದಲಾಗುತ್ತದೆ ಎಂಬುದಕ್ಕೆ ಇದಕ್ಕಿಂತ ಪ್ರಮಾಣ ಬೇಡ. ನೆನಪಿರುವುದು ಟೇಪಿನಲ್ಲಲ್ಲ, ನನ್ನಲ್ಲಿ. ಟೇಪು ಅದನ್ನು ಮುಟ್ಟಿತು ಅಷ್ಟೆ. ಇಷ್ಟರಲ್ಲೇ ಮುಗಿದಿದ್ದರೆ ನಮ್ಮ ಆಲಂಕಾರಿಕರ ಪಕ್ಷವೇ ಗೆದ್ದಿತು ಎಂದು ಬರೆದು ಲೇಖನ ಮುಗಿಸುತ್ತಿದ್ದೆ.

ಕಥೆ ಮುಗಿಯುವ ಹೊತ್ತಿಗೆ ಹಿಂದಿನಿಂದ, ಅಡುಗೆಮನೆಯ ಬಾಗಿಲ ಕಡೆಯಿಂದ ಒಂದು ದನಿ. ‘ಆಮೇಲೆ ನಾನೂ ಒಂದು ಹಾಡು ಹೇಳಲೇನೋ?’ ಒಡನೆಯೇ ಇನ್ನೊಂದು ದನಿ, ಹತ್ತಿರದಿಂದ, ಚೂಪಾಗಿ: ‘ಇರಮ್ಮ, ಟೇಪು ಮುಗಿದುಹೋಗುತ್ತೆ.’ ಆ ದನಿ ನನ್ನದು.

ಈ ಮಾತು ನಡೆದದ್ದು ನನಗೆ ನೆನಪಿರಲಿಲ್ಲ. ತಂದೆಯ ಕಥೆಯನ್ನು ಕ್ಯಾಸೆಟ್ ಇಲ್ಲದೆಯೂ ನಾನು ಹೇಳಬಲ್ಲವನಾಗಿದ್ದೆ. ತಾಯಿ ಕೇಳಿದ ಪ್ರಶ್ನೆಯನ್ನು ನನ್ನ ನೆನಪು ಸದ್ದಿಲ್ಲದೆ ಗುಡಿಸಿ ಹೊರಗೆ ಹಾಕಿತ್ತು. ಯಂತ್ರಕ್ಕೆ ತಂದೆ ಮುಖ್ಯ, ತಾಯಿ ಮುಖ್ಯವಲ್ಲ ಎಂಬ ಭೇದ ಗೊತ್ತಿಲ್ಲ. ಅದು ಇಬ್ಬರನ್ನೂ ಇಟ್ಟುಕೊಂಡಿತ್ತು, ನನ್ನನ್ನೂ ಇಟ್ಟುಕೊಂಡಿತ್ತು. ಅವರು ಯಾವ ಹಾಡು ಹೇಳಬೇಕೆಂದಿದ್ದರೋ ಈಗ ತಿಳಿಯುವ ಉಪಾಯವಿಲ್ಲ. ಆ ಕಡೆ ಟೇಪಿನಲ್ಲಿ ಇನ್ನೂ ಹನ್ನೊಂದು ನಿಮಿಷ ಖಾಲಿ ಉಳಿದಿದೆ.

ಆದ್ದರಿಂದ ನನ್ನ ಮೊದಲಿನ ಅಭಿಪ್ರಾಯವನ್ನು ತಿದ್ದಿಕೊಳ್ಳಬೇಕಾಗಿದೆ. ಗುರುತು ಬೇರೆ, ನೆನಪು ಬೇರೆ ಎಂಬುದು ನಿಜ. ಗುರುತಿಗೆ ಅರ್ಥ ಬರುವುದು ಕೇಳುವವನಿಂದ ಎಂಬುದೂ ನಿಜ. ಆದರೆ ಅದನ್ನೇ ಹೇಳಿ ನೆನಪನ್ನು ಹೊಗಳುತ್ತ ಕುಳಿತರೆ, ನೆನಪಿನ ಪಕ್ಷಪಾತ ಮರೆತುಹೋಗುತ್ತದೆ. ನೆನಪು ನಮ್ಮ ಪರವಾಗಿ ವಾದಿಸುವ ವಕೀಲ. ನಮ್ಮ ವಿರುದ್ಧ ಸಾಕ್ಷಿ ಹೇಳಲು ನಮ್ಮದಲ್ಲದ, ನಮಗೆ ಹೆದರದ ಏನಾದರೂ ಬೇಕು. ಬ್ಯಾಬೇಜ್ ಗಾಳಿಯಲ್ಲಿ ಹುಡುಕಿದ್ದು, ನೀಲ್ ಕಲ್ಲಿನಲ್ಲಿ ಹುಡುಕಿದ್ದು, ಕಾಳಿದಾಸ ಉಂಗುರದಲ್ಲಿ ಇಟ್ಟದ್ದು ಅದನ್ನೇ.

೨೦೧೪ರಲ್ಲಿ ಅಮೆರಿಕದ ಎಂ.ಐ.ಟಿ. ಸಂಸ್ಥೆಯವರು, ಗಾಜಿನಾಚೆ ಬಿದ್ದಿದ್ದ ಆಲೂಗಡ್ಡೆ ಚಿಪ್ಸಿನ ಪೊಟ್ಟಣದ ನಡುಕವನ್ನು ಅತಿವೇಗದ ಕ್ಯಾಮರಾದಲ್ಲಿ ಹಿಡಿದು, ಆ ಚಿತ್ರದಿಂದಲೇ ಕೋಣೆಯೊಳಗಿನ ಶಬ್ದವನ್ನು ಮರಳಿ ಪಡೆದು ತೋರಿಸಿದರು. ಹಾಗೆಂದು ಹಳೆಯ ಮಡಕೆಗಳು ಮಾತಾಡುತ್ತವೆಂದು ಯಾರೂ ನಂಬಬೇಕಾಗಿಲ್ಲ. ಆ ಪೊಟ್ಟಣ ನಡುಗುತ್ತಿದ್ದದ್ದು ಆಗ, ಕ್ಯಾಮರಾದ ಕಣ್ಣೆದುರಿಗೆ. ಹೋದ ಮಾತು ಹೋಯಿತು. ಗಾದೆಯೇ ಗೆದ್ದಿತು.

ಆದರೂ ಈ ಕೃತಿಗಳನ್ನು ಓದಿ ಎಂದು ನಾನು ಹೇಳುತ್ತೇನೆ. ಸಮಯವಿಲ್ಲದವರು ರಿಲ್ಕೆಯ ಆ ಕೆಲವೇ ಪುಟಗಳನ್ನು ಓದಿ, ‘ಸ್ಟೋನ್ ಟೇಪ್’ ನೋಡಿದರೆ ಸಾಕು. ಆಮೇಲೆ ‘ಶಾಕುಂತಲ’ದ ಐದನೆಯ ಅಂಕವನ್ನು, ಹಂಸಪದಿಕೆಗೆ ಹೆಚ್ಚು ಕಿವಿಗೊಟ್ಟು, ಮತ್ತೊಮ್ಮೆ ಓದಲಿ. ತೆರೆಯ ಹಿಂದಿನಿಂದ ಹಾಡಿದವಳನ್ನು ಆ ನಾಟಕದಲ್ಲಿ ಯಾರೂ ಮುಂದಕ್ಕೆ ಕರೆಯುವುದಿಲ್ಲ. ಇಷ್ಟು ವರ್ಷ ಅದನ್ನು ಓದಿದ ನಾನೂ ಕರೆದಿರಲಿಲ್ಲ.